ಶಾಂತಮ್ಮ ಎಂಬ ಹೆಸರಿನಲ್ಲಿ

ಹೈದರಾಬಾದ್
3 ಜುಲೈ 2023

ಲಿಂಗಕ್ಕನಿಗೆ ಸುಷ್ಮಾಳ ನಮಸ್ಕಾರ.

ಈ ಕಾಗದದ ಜೊತೆ ಒಂದು ಪುಸ್ತಕ ಕಳಿಸಿದ್ದೇನೆ. ನಿಮ್ಮ ಕರೇಹಾಳಿನಲ್ಲಿ ಹನ್ನೊಂದು ತಿಂಗಳು ಇದ್ದು, ನಿಮ್ಮ ಕೈಯ ರೊಟ್ಟಿ ತಿಂದು, ಊರವರನ್ನೆಲ್ಲ ಪ್ರಶ್ನೆ ಕೇಳಿ ಪೀಡಿಸಿ ಬರೆದದ್ದು ಕೊನೆಗೂ ಅಚ್ಚಾಗಿದೆ. ಮೊದಲು ಇಂಗ್ಲಿಷಿನಲ್ಲಿ ಬರೆದು ವಿಶ್ವವಿದ್ಯಾಲಯಕ್ಕೆ ಕೊಟ್ಟೆ, ಡಾಕ್ಟರೇಟ್ ಬಂತು. ಆಮೇಲೆ ನಾನೇ ಕೂತು ಎಲ್ಲವನ್ನೂ ಕನ್ನಡದಲ್ಲಿ ಬರೆದೆ. ಆಂಧ್ರಕ್ಕೆ ಸೇರಿದ ನಿಮ್ಮೂರಿನ ಹೆಂಗಸರಲ್ಲಿ ಕನ್ನಡ ಓದಬಲ್ಲವರು ನೀವೊಬ್ಬರೇ. ನಿಮ್ಮ ಮಗಳು ಭಾಗ್ಯಳಿಗೂ ತೆಲುಗು ಅಕ್ಷರ ಮಾತ್ರ ಗೊತ್ತು. ನೀವು ಓದಬೇಕೆಂಬ ಆಸೆಯಿಂದಲೇ ಇಷ್ಟು ಕಷ್ಟಪಟ್ಟೆ ಎಂದರೆ ನಂಬುತ್ತೀರಾ?

ಕಳೆದ ವಾರ ಆದೋನಿಯಲ್ಲಿ ಪುಸ್ತಕದ ಬಿಡುಗಡೆ ಆಯಿತು. ಅಪ್ಪ ತಮ್ಮ ಹತ್ತಿ ಮಿಲ್ಲಿಗೆ ಅರ್ಧ ದಿನ ರಜೆ ಕೊಟ್ಟು ಬಂದಿದ್ದರು. ನಿಮ್ಮ ಮೈದುನನ ಮಗ ಲಕ್ಷ್ಮಿಕಾಂತನೂ ಕಾಲೇಜಿನಿಂದ ಬಂದು ಕೊನೆಯ ಸಾಲಿನಲ್ಲಿ ನಿಂತಿದ್ದ. ಅವನಿಗೂ ಒಂದು ಪ್ರತಿ ಕೊಟ್ಟೆ. ಎಷ್ಟು ಖುಷಿಪಟ್ಟ!

ಎಲ್ಲರ ಹೆಸರನ್ನೂ, ಊರಿನ ಹೆಸರನ್ನೂ ಬದಲಿಸಿದ್ದೇನೆ. ನೀವು ಶಾಂತಮ್ಮ ಆಗಿದ್ದೀರಿ. ಹುಡುಕಿ ನೋಡಿ.

ಫೋನಿನಲ್ಲಿ ಮಾತಾಡಿದರೆ ಮನೆಯವರೆಲ್ಲ ಸುತ್ತ ಕೂತು ಕೇಳುತ್ತಾರೆ, ಕಾಗದವಾದರೆ ನನ್ನೊಬ್ಬಳದು ಎಂದು ನೀವು ಹೇಳಿದ್ದಿರಿ. ಅದಕ್ಕೇ ಬರೆದೆ. ಭಾಗ್ಯಳ ನಿಶ್ಚಯ ಆಯಿತೆಂದು ತಿಳಿಯಿತು. ಹುಡುಗ ಕೌತಾಳಂ ಕಡೆಯವನಂತೆ. ಲಗ್ನ ಯಾವಾಗ? ನಿಮ್ಮ ಅವ್ವ ಹುಸೇನಮ್ಮಜ್ಜಿಗೆ ಕಣ್ಣು ಈಗ ಹೇಗಿದೆ?

ನಿಮ್ಮ
ಸುಷ್ಮಾ


ಕರೇಹಾಳು
19 ಜುಲೈ 2023

ಸುಷ್ಮಮ್ಮನವರಿಗೆ ಲಿಂಗಕ್ಕ ಮಾಡುವ ಶರಣು.

ಪುಸ್ತಕ ಬಂದು ಹನ್ನೆರಡು ದಿನವಾಯಿತು. ಮಾತಾಡಿದ ಹಾಗೆ ಬರೆಯಬಾರದು ಎಂದು ಏಳನೇ ತರಗತಿಯ ಮೇಷ್ಟ್ರು ಬೆತ್ತ ಹಿಡಿದು ಕಲಿಸಿದ್ದರು. ನನ್ನ ಕಾಗದ ಪಾಠದ ಪುಸ್ತಕದ ಹಾಗೆ ಇದ್ದರೆ ನಗಬೇಡಿ.

ದಿನಾ ಮಧ್ಯಾಹ್ನ ಹೊರಗಿನ ಕಟ್ಟೆಯ ಮೇಲೆ ಕೂತು ಓದಿದೆ. ನಮ್ಮ ಮನೆಯವರು ಒಮ್ಮೆ ನಿಂತು ನೋಡಿದರು. "ಅದರಾಗ ಏನೈತಿ?" ಎಂದರು. "ನಮ್ಮೂರು ಐತಿ" ಎಂದೆ. "ಕುರಿ ಅದಾವೇನು?" ಎಂದರು. "ಅದಾವು" ಎಂದೆ. "ಎಷ್ಟು?" ಎಂದರು. ನೀವು ಮುನ್ನೂರ ಹನ್ನೆರಡು ಎಂದು ಬರೆದದ್ದನ್ನು ಓದಿ ಹೇಳಿದೆ. "ಆ ಹುಡುಗಿ ಬರೋಬ್ಬರಿ ಎಣಿಸ್ಯಾಳ" ಎಂದು ನಕ್ಕು ಹೋದರು. ಅವರು ಹಾಗೆ ನಕ್ಕದ್ದು ಬಹಳ ದಿನದ ಮೇಲೆ.

ಶಾಂತಮ್ಮ ಎಂದು ನಮ್ಮಲ್ಲಿ ಯಾರೂ ಹೆಸರಿಡುವುದಿಲ್ಲ. ಓದುವಾಗ ಯಾರೋ ಮೇಷ್ಟ್ರ ಹೆಂಡತಿಯ ಕತೆ ಎನ್ನಿಸಿತು. ನಾಲ್ಕನೇ ಅಧ್ಯಾಯ ಬರುವ ತನಕ ಹಾಗೇ ಅನ್ನಿಸುತ್ತಿತ್ತು.

ಅಲ್ಲಿ ನೀವು ಉಡಿಕೆಯ ಬಗ್ಗೆ ಬರೆದಿದ್ದೀರಿ. ಗಂಡ ಸತ್ತ ಹೆಂಗಸನ್ನು ಇನ್ನೊಬ್ಬನಿಗೆ ಸೀರೆ ಉಡಿಸಿ ಕೊಡುವುದು, ಅದಕ್ಕೆ ಚಪ್ಪರವಿಲ್ಲ, ಬಾಸಿಂಗವಿಲ್ಲ, ಅವಳಿಗೆ ಹುಟ್ಟಿದ ಮಕ್ಕಳಿಗೆ ಲಗ್ನದ ಮನೆಯವರು ಹೆಣ್ಣು ಕೊಡುವುದಿಲ್ಲ, ತರುವುದೂ ಇಲ್ಲ ಎಂದೆಲ್ಲ. ಅದು ನಿಜ, ಎಲ್ಲರಿಗೂ ಗೊತ್ತಿರುವುದೇ. ಆದರೆ ಅದರ ಕೆಳಗೆ ಶಾಂತಮ್ಮನ ತಾಯಿ ಉಡಿಕೆಯಾದವಳು, ಅದನ್ನು ಮುಚ್ಚಿಟ್ಟು ಶಾಂತಮ್ಮನನ್ನು ಲಗ್ನದ ಮನೆಗೆ ಕೊಟ್ಟರು, ಇಪ್ಪತ್ತಾರು ವರ್ಷವಾದರೂ ಗಂಡನಿಗೆ ಗೊತ್ತಿಲ್ಲ ಎಂದು ಬರೆದಿದ್ದೀರಿ. ಎದುರು ಪುಟದ ವಂಶದ ನಕ್ಷೆಯಲ್ಲಿ ಹೆಂಗಸರಿಗೆ ದುಂಡನೆಯ, ಗಂಡಸರಿಗೆ ಮೂರು ಮೂಲೆಯ ಗುರುತು ಹಾಕಿ, ಉಡಿಕೆಗೆ ಚುಕ್ಕೆ ಗೆರೆ ಎಳೆದಿದ್ದೀರಿ. ಆ ಗೆರೆಯ ಕೆಳಗೆ ನಾನಿದ್ದೇನೆ. ನನ್ನ ಕೆಳಗೆ ಭಾಗ್ಯ.

ಅವತ್ತು ಉಣ್ಣೆ ಕತ್ತರಿಸಿ ಮುಗಿದ ಮೇಲೆ ನಾವಿಬ್ಬರೇ ಹಳ್ಳಕ್ಕೆ ಹೋಗಿದ್ದೆವು. ನಾನು ಹೇಳಿದೆ. "ಬರೆದುಕೊಳ್ಳಲಾ ಅಕ್ಕ?" ಎಂದು ನೀವು ಕೇಳಿದಿರಿ, ಬರೆದುಕೊಳ್ಳಿ ಎಂದೆ. ಇಲ್ಲ ಎನ್ನುವುದಿಲ್ಲ. ಆದರೆ ನೀವು ಎಲ್ಲವನ್ನೂ ಬರೆದುಕೊಳ್ಳುತ್ತಿದ್ದಿರಿ. ಸಾರಿಗೆ ಎಷ್ಟು ಉಪ್ಪು ಹಾಕಿದೆ ಎಂಬುದನ್ನೂ. ಹೀಗೆ ಅಚ್ಚಾಗಿ ಬರುತ್ತದೆಂದು ನಾನು ತಿಳಿದಿರಲಿಲ್ಲ.

ಪುಸ್ತಕವನ್ನು ಜೋಳದ ಗುಡಾಣದಲ್ಲಿ ಇಟ್ಟಿದ್ದೇನೆ. ಲಕ್ಷ್ಮಿಕಾಂತ ಐದನೇ ತರಗತಿಯ ತನಕ ಕನ್ನಡ ಶಾಲೆಯಲ್ಲಿ ಓದಿದವನು. ಅವನಿಗೆ ಯಾಕೆ ಕೊಟ್ಟಿರಿ?

ಅವ್ವನ ಕಣ್ಣು ಹಾಗೇ ಇದೆ. ನಿಮ್ಮನ್ನು ನೆನೆಸುತ್ತಾಳೆ.

ಇಂತಿ
ಲಿಂಗಕ್ಕ


ಹೈದರಾಬಾದ್
30 ಜುಲೈ 2023

ಪ್ರೀತಿಯ ಲಿಂಗಕ್ಕ,

ನಿಮ್ಮ ಕಾಗದ ಓದಿ ಕಸಿವಿಸಿಯಾಯಿತು. ಆದರೆ ದಯವಿಟ್ಟು ಭಯಪಡಬೇಡಿ. ನಾನು ಬಹಳ ಎಚ್ಚರಿಕೆಯಿಂದ ಬರೆದಿದ್ದೇನೆ. ಊರನ್ನು ಪತ್ತಿಕೊಂಡದ ಕಡೆಗೆ ಸರಿಸಿದ್ದೇನೆ, ಮಕ್ಕಳ ಸಂಖ್ಯೆ ಬದಲಿಸಿದ್ದೇನೆ. ಇಂಥ ಪುಸ್ತಕವನ್ನು ಓದುವವರು ಕಾಲೇಜಿನ ಅಧ್ಯಾಪಕರು, ನಮ್ಮಂಥ ಸಂಶೋಧಕರು. ಕರೇಹಾಳಿನಲ್ಲಿ ಯಾರು ನಾಲ್ಕನೇ ಅಧ್ಯಾಯದ ತನಕ ಓದುತ್ತಾರೆ ಹೇಳಿ?

ಒಂದು ಮಾತು. ನನ್ನ ಪುಸ್ತಕದಲ್ಲಿ ಎಲ್ಲರೂ ಹೊಗಳುತ್ತಿರುವುದು ಆ ಅಧ್ಯಾಯವನ್ನೇ. ಒಬ್ಬ ಹೆಂಗಸು ಸುಮ್ಮನೆ ಹೊತ್ತುಕೊಂಡ ಭಾರವನ್ನು ಇಷ್ಟು ಸ್ಪಷ್ಟವಾಗಿ ಯಾರೂ ತೋರಿಸಿಲ್ಲ ಎಂದು ನನ್ನ ಗೈಡ್ ಹೇಳಿದರು. ಆ ಹೊಗಳಿಕೆ ನಿಮಗೆ ಸೇರಬೇಕಾದದ್ದು. ಇಂಥ ಕಟ್ಟಳೆಗಳು ಬರೆದಾಗಲೇ ಸಡಿಲಾಗುವುದು.

ಲಕ್ಷ್ಮಿಕಾಂತನಿಗೆ ಫೋನ್ ಮಾಡಿ ಪುಸ್ತಕ ಯಾರಿಗೂ ಕೊಡಬೇಡ ಎಂದು ಹೇಳುತ್ತೇನೆ.

ನಿಮ್ಮ
ಸುಷ್ಮಾ


ಕರೇಹಾಳು
2 ಸೆಪ್ಟೆಂಬರ್ 2023

ಸುಷ್ಮಮ್ಮನವರಿಗೆ,

ನೀವು ಫೋನ್ ಮಾಡುವ ಮೊದಲೇ ಆಗಿಹೋಗಿತ್ತು.

ಲಕ್ಷ್ಮಿಕಾಂತ ಕೆಟ್ಟ ಹುಡುಗನಲ್ಲ. ಅವನಿಗೆ ಹೆಮ್ಮೆ. ನಮ್ಮ ದೊಡ್ಡವ್ವ ಪುಸ್ತಕದಲ್ಲಿ ಬಂದಿದ್ದಾಳೆ ಎಂದು ಆ ಗುರುತುಗಳ ಪುಟವನ್ನು ಫೋಟೋ ತೆಗೆದು ನಮ್ಮ ಕುಲದವರ ವಾಟ್ಸಾಪಿಗೆ ಹಾಕಿದ. ಚುಕ್ಕೆ ಗೆರೆ ಎಂದರೆ ಏನೆಂದು ಅವನು ಓದಿಯೇ ಇರಲಿಲ್ಲ. ಕೌತಾಳಂನಲ್ಲಿ ಒಬ್ಬ ಕನ್ನಡ ಮೇಷ್ಟ್ರು ಓದಿದರು. ಶಾಂತಮ್ಮನ ಮನೆ ದಕ್ಷಿಣಕ್ಕೆ ಬಾಗಿಲು, ಊರಿನ ಲಗ್ನಗಳಲ್ಲಿ ಮೊದಲ ಅರಿಷಿಣ ಹಚ್ಚುವವಳು, ಏಳನೇ ತರಗತಿ ಕನ್ನಡ ಓದಿದವಳು. ಇಷ್ಟು ಬರೆದ ಮೇಲೆ ಹೆಸರು ಯಾಕೆ ಬೇಕು, ಸುಷ್ಮಮ್ಮ?

ನಮ್ಮ ಕುಲದ ಹಿರಿಯ ನರಸಣ್ಣನನ್ನು ನೀವು ಬಲ್ಲಿರಿ. ಅವನ ಮಗಳು ಹರಿತಾ ಹೋದ ವರ್ಷ ಹೆರಿಗೆಯಲ್ಲಿ ತೀರಿಕೊಂಡಳು. ಅವಳ ಲಗ್ನದಲ್ಲಿ ಅರಿಷಿಣ ಹಚ್ಚಿದ್ದು ನಾನೇ. ಹೋದ ಸೋಮವಾರ ಬೆಳಿಗ್ಗೆ ನಮ್ಮ ಮನೆಯ ಮುಂದೆ ಬಂದು ನಿಂತ. ಬೈಯಲಿಲ್ಲ. ಬೈದಿದ್ದರೆ ಬೈಸಿಕೊಳ್ಳುತ್ತಿದ್ದೆ.

"ಲಿಂಗಕ್ಕ, ಇಪ್ಪತ್ತು ವರ್ಷ ಈ ಊರಿನ ಹೆಣ್ಣುಮಕ್ಕಳಿಗೆಲ್ಲ ನಿನ್ನ ಕೈಲೆ ಹಚ್ಚಿಸೀವಿ. ನನ್ನ ಹರಿತಾಗೂ ನೀನೇ ಹಚ್ಚಿದ್ದಿ. ಉಡಿಕಿ ಮಗಳು ಹಚ್ಚಬಾರದು ಅಂತ ನಿನಗ ಗೊತ್ತಿತ್ತೇನು, ಇಲ್ಲೇನು? ಅದೊಂದು ಹೇಳಿಬಿಡು" ಎಂದ.

ಅವನು ಅಲ್ಲೇ ಕಟ್ಟೆಯ ಮೇಲೆ ಕೂತು ಅತ್ತ. ಅರವತ್ತು ವರ್ಷದ ಗಂಡಸು. ಅವತ್ತಿನಿಂದ ನನ್ನ ಕೈ ನೋಡಿಕೊಂಡರೆ ನನಗೇ ಅನುಮಾನ ಬರುತ್ತದೆ. ನಿಮ್ಮ ಓದಿನಲ್ಲಿ ಇದಕ್ಕೆ ಏನಾದರೂ ಮದ್ದು ಇದೆಯೇ?

ನಮ್ಮ ಮನೆಯವರು ಕುರಿ ಹೊಡೆದುಕೊಂಡು ಹೊಳೆಯ ಕಡೆ ಹೋಗಿ ಹದಿನೆಂಟು ದಿನವಾಯಿತು. ಹೋಗುವಾಗ ಒಂದೇ ಮಾತು ಕೇಳಿದರು. "ಆ ಹುಡುಗಿ ನಿನ್ನೆ ಮೊನ್ನೆ ಬಂದಾಕಿ. ಆಕಿಗೆ ಹೇಳಿದೆ. ನನಗ್ಯಾಕ ಹೇಳಲಿಲ್ಲ?" ನಾನು ಬುತ್ತಿ ಕಟ್ಟಿ ಕೊಟ್ಟೆ. ತೆಗೆದುಕೊಳ್ಳದೆ ಹೋದರು.

ನಾನು ನಿಮಗೆ ಯಾಕೆ ಹೇಳಿದೆ ಎಂದು ಯೋಚಿಸುತ್ತೇನೆ. ಇಪ್ಪತ್ತಾರು ವರ್ಷದಲ್ಲಿ ನನ್ನನ್ನು ಕೂರಿಸಿಕೊಂಡು, ನಿನ್ನ ಮನಸ್ಸಿನಲ್ಲಿ ಏನಿದೆ ಎಂದು ಕೇಳಿದವರು ನೀವೊಬ್ಬರೇ. ಅದಕ್ಕೇ ಇರಬೇಕು.

ಭಾಗ್ಯಳ ನಿಶ್ಚಯ ನಿಂತಿದೆ. ಹುಡುಗ ಶಿವನ ಮನೆಯವರು ಮುರಿದೆವು ಎಂದು ಹೇಳಿಲ್ಲ. ಕುಲದವರು ಸೇರಿ ತೀರ್ಮಾನ ಮಾಡಲಿ ಎಂದಿದ್ದಾರೆ. ದೀಪಾವಳಿಗೆ ಮುಂಚೆ ಸೇರುತ್ತಾರೆ.

ಸುಷ್ಮಮ್ಮ, ನಿಮ್ಮನ್ನು ಒಂದೇ ಒಂದು ಕೇಳುತ್ತೇನೆ. ಒಂದು ಹಾಳೆಯ ಮೇಲೆ ಬರೆದು ಸಹಿ ಮಾಡಿ ಕಳಿಸಿ. ಶಾಂತಮ್ಮ ಎಂಬವಳು ಇಲ್ಲ, ಆ ಅಧ್ಯಾಯ ನಾನು ಮನಸ್ಸಿನಿಂದ ಕಟ್ಟಿ ಬರೆದದ್ದು ಎಂದು. ಪುಸ್ತಕ ಬರೆದವರೇ ಹೇಳಿದರೆ ನಂಬುತ್ತಾರೆ. ಬೇರೆ ಯಾರು ಹೇಳಿದರೂ ನಂಬುವುದಿಲ್ಲ.

ಬೇಗ ಬರೆಯಿರಿ.

ಲಿಂಗಕ್ಕ


ಹೈದರಾಬಾದ್
15 ಅಕ್ಟೋಬರ್ 2023

ಪ್ರೀತಿಯ ಲಿಂಗಕ್ಕ,

ತಡವಾಯಿತು, ಕ್ಷಮಿಸಿ. ನಾಲ್ಕು ಸಲ ಬರೆಯಲು ಕೂತೆ.

ನೀವು ಕೇಳಿದ್ದನ್ನು ನನ್ನ ಗೈಡ್ ಹತ್ತಿರ ಹೇಳಿದೆ. ಕಟ್ಟಿ ಬರೆದದ್ದು ಎಂದು ನಾನೇ ಸಹಿ ಮಾಡಿ ಕೊಟ್ಟರೆ ನನ್ನ ಡಾಕ್ಟರೇಟ್ ಉಳಿಯುವುದಿಲ್ಲ ಎಂದರು. ಆ ಕಾಗದ ಯಾರ ಕೈಗಾದರೂ ಸಿಕ್ಕರೆ ಮುಂದೆ ನನ್ನ ಯಾವ ಬರಹವನ್ನೂ ಯಾರೂ ನಂಬುವುದಿಲ್ಲ. ಅದೂ ಅಲ್ಲದೆ ಮುಂದಿನ ವಾರ ಇಲ್ಲಿನ ಕಾಲೇಜಿನಲ್ಲಿ ಅಧ್ಯಾಪಕಿ ಹುದ್ದೆಗೆ ನನ್ನ ಸಂದರ್ಶನವಿದೆ. ಆರು ವರ್ಷದಿಂದ ಕಾದಿದ್ದೇನೆ. ಇದನ್ನು ನಿಮಗೆ ಹೇಳಲು ನಾಚಿಕೆಯಾಗುತ್ತದೆ, ಆದರೆ ಮುಚ್ಚಿಡುವುದು ಅದಕ್ಕಿಂತ ಕೆಟ್ಟದು.

ಪ್ರಕಾಶಕರಿಂದ ಒಂದು ಪತ್ರ ಬರೆಸಿ ಇದರ ಜೊತೆ ಇಟ್ಟಿದ್ದೇನೆ. "ಈ ಪುಸ್ತಕದಲ್ಲಿ ವ್ಯಕ್ತಿಗಳ ಮತ್ತು ಊರುಗಳ ಹೆಸರುಗಳನ್ನು ಬದಲಿಸಲಾಗಿದೆ, ಇವನ್ನು ಯಾವುದೇ ನಿರ್ದಿಷ್ಟ ವ್ಯಕ್ತಿಗೆ ಅನ್ವಯಿಸಿಕೊಳ್ಳಬಾರದು" ಎಂದಿದೆ. ಮೊಹರು ಹಾಕಿದ್ದಾರೆ. ಕುಲದವರಿಗೆ ತೋರಿಸಿ. ಸಂದರ್ಶನ ಮುಗಿದ ಕೂಡಲೇ ನಾನೇ ಬಂದು ನರಸಣ್ಣನವರ ಹತ್ತಿರ ಮಾತಾಡುತ್ತೇನೆ.

ಸುಷ್ಮಾ


ಕರೇಹಾಳು
6 ನವೆಂಬರ್ 2023

ಸುಷ್ಮಾ,

ನೀನು ಎಂದು ಬರೆಯುತ್ತಿದ್ದೇನೆ, ಬೇಸರ ಮಾಡಿಕೊಳ್ಳಬೇಡ. ಇವತ್ತು ಹೇಳಬೇಕಾದದ್ದನ್ನು ಹೇಳಲು ನೀವು ಎಂಬ ಮಾತು ಒದಗುತ್ತಿಲ್ಲ.

ನೀನು ಬರುವುದು ಬೇಡ. ನಿನ್ನೆ ಭಾನುವಾರ ಕುಲದವರು ಬೀರಪ್ಪನ ಗುಡಿಯ ಕಟ್ಟೆಯ ಮೇಲೆ ಸೇರಿದ್ದರು. ಎಲ್ಲ ಮುಗಿದಿದೆ.

ಮೊಹರಿನ ಪತ್ರವನ್ನು ಲಕ್ಷ್ಮಿಕಾಂತನೇ ಓದಿದ. ಹುಡುಗ ಎರಡು ತಿಂಗಳಲ್ಲಿ ಒಣಗಿಹೋಗಿದ್ದಾನೆ. ನರಸಣ್ಣ ಕೇಳಿ, "ಹೆಸರು ಬದಲ್ ಮಾಡೀವಿ ಅಂದ್ರ ಮನುಷ್ಯಾರು ನಿಜಾನೇ ಅಂದಂಗಾತಲ್ಲ" ಎಂದ. ಶಿವನ ತಂದೆ ಎದ್ದು ನಿಂತು, ಹಾಗಾದರೆ ನಮ್ಮನ್ನು ಬಿಟ್ಟುಬಿಡಿ ಎಂದು ಕೈ ಮುಗಿದರು. ಹೊಳೆಯ ಕಡೆಯಿಂದ ವಾಪಸು ಬಂದಿದ್ದ ನಮ್ಮ ಮನೆಯವರು ನೆಲ ನೋಡುತ್ತಾ ಕೂತಿದ್ದರು.

ಆಗ ಅವ್ವ ಬಂದಳು. ಯಾರೂ ಕರೆದಿರಲಿಲ್ಲ. ಗೋಡೆ ಹಿಡಿದುಕೊಂಡು, ಕೋಲು ಊರಿಕೊಂಡು ಬಂದು ಕಟ್ಟೆಯ ಕೆಳಗೆ ನಿಂತಳು.

"ಯಾರ ಬಗ್ಗೆ ಮಾತಾಡಾಕತ್ತೀರಿ? ನನ್ನ ಬಗ್ಗೆ ಆದ್ರ ನನ್ನ ಕೇಳ್ರಿ" ಎಂದಳು.

ನರಸಣ್ಣ ಮರ್ಯಾದೆಯಿಂದಲೇ ಕೇಳಿದ. "ಅಮ್ಮಾ, ನಿನ್ನ ಎರಡನೇದು ಉಡಿಕಿ ಹೌದೋ ಅಲ್ಲೋ?"

"ಹೌದು" ಎಂದಳು.

ಅಲ್ಲಿಗೆ ಮುಗಿಯಿತು ಎಂದುಕೊಂಡೆ. ಗುಡಿಯ ಗೋಡೆಗೆ ಒರಗಿದೆ.

"ಹಂಗಾದ್ರ ಲಿಂಗಕ್ಕ ಉಡಿಕಿ ಮಗಳು" ಎಂದ ನರಸಣ್ಣ.

"ಲಿಂಗಿ ನನ್ನ ಮಗಳು ಅಂತ ನಿನಗ ಯಾರು ಹೇಳಿದ್ರು?" ಎಂದಳು ಅವ್ವ. "ನನ್ನ ಗಂಡಗ ನನಕಿಂತ ಮೊದಲು ಲಗ್ನದ ಹೆಂಡ್ತಿ ಇದ್ದಳು. ನಿಂಗಮ್ಮ ಅಂತ. ಲಿಂಗಿನ್ನ ಹಡದು ಹನ್ನೊಂದನೇ ದಿನಕ್ಕ ಹೋದಳು. ಕೂಸು ನೋಡಾಕ ಯಾರೂ ಇಲ್ಲ ಅಂತ ನನ್ನ ಉಡಿಕಿ ಮಾಡ್ಕೊಂಡು ತಂದ. ನಾ ಸಾಕೀನಿ. ಹಡದಿಲ್ಲ. ನನ್ನ ಹೊಟ್ಯಾಗ ಒಂದೂ ಹುಟ್ಟಲಿಲ್ಲ. ನಾ ಗೊಡ್ಡಿ."

ನಿಂಗಮ್ಮ ಇದ್ದದ್ದು ನಿಜ. ಅವಳು ಸತ್ತದ್ದೂ ನಿಜ. ಸತ್ತು ಮೂರು ವರ್ಷದ ಮೇಲೆ ನಾನು ಹುಟ್ಟಿದ್ದು. ಅದನ್ನು ಬಲ್ಲವರು ಯಾರೂ ಈಗ ಬದುಕಿಲ್ಲ. ಅವ್ವ ಇದನ್ನೆಲ್ಲ ಯಾವಾಗ ಯೋಚಿಸಿದಳೋ, ಎಷ್ಟು ದಿನ ಮನಸ್ಸಿನಲ್ಲಿ ಹೇಳಿಕೊಂಡಳೋ, ನನಗೆ ಒಂದು ಮಾತೂ ಹೇಳಿರಲಿಲ್ಲ.

ಭಂಡಾರ ಮುಟ್ಟಿ ಹೇಳುತ್ತೀಯಾ ಎಂದರು. ದೇವರ ಅರಿಷಿಣದ ಭಂಡಾರ ಮುಟ್ಟಿ ಸುಳ್ಳು ಹೇಳಿದವರು ವರ್ಷ ಕಳೆಯುವುದಿಲ್ಲ ಎಂದು ನನಗೆ ಚಿಕ್ಕಂದಿನಿಂದ ಹೇಳಿ ಹೆದರಿಸಿದವಳೇ ಅವಳು. ಗುಡಿಯ ಒಳಗಿಂದ ತಟ್ಟೆ ತಂದರು. ಮುಟ್ಟಿದಳು. ಹಣೆಗೆ ಹಚ್ಚಿಕೊಂಡಳು. "ನಾ ಹಡದಿಲ್ಲ" ಎಂದು ಮೂರು ಸಲ ಹೇಳಿದಳು. ಮೂರನೇ ಸಲ ದನಿ ಗಟ್ಟಿಯಾಗಿತ್ತು.

ಶಿವನ ತಂದೆ ಬಂದು ಅವಳ ಕಾಲು ಮುಟ್ಟಿದರು. ಸಾಕಿದ ತಾಯಿ ಎಂದರೆ ದೇವರು ಎಂದರು.

ಮನೆಗೆ ಬಂದು ಬಾಗಿಲು ಹಾಕಿ, "ಅವ್ವಾ" ಎಂದೆ. ಅವಳು ಗೋಡೆಯ ಕಡೆ ತಿರುಗಿ ಮಲಗಿಕೊಂಡಳು. "ಮಂದಿ ಮುಂದ ಇನ್ನ ಮ್ಯಾಲ ಚಿಗವ್ವ ಅನ್ನು. ಮನ್ಯಾಗೂ ಅದನ್ನೇ ರೂಢಿ ಮಾಡ್ಕೋ, ಬಾಯಿ ತಪ್ಪಬಾರದು" ಎಂದಳು.

ಸುಷ್ಮಾ, ನಿನ್ನ ಮೇಲೆ ಸಿಟ್ಟು ಇದೆಯೋ ಇಲ್ಲವೋ ನನಗೇ ತಿಳಿಯುವುದಿಲ್ಲ. ಒಂದು ಕೇಳುತ್ತೇನೆ. ಹನ್ನೊಂದು ತಿಂಗಳು ನಮ್ಮ ಮನೆಯಲ್ಲಿ ಕೂತು ಬರೆದುಕೊಂಡೆಯಲ್ಲ, ನಿಮ್ಮ ಮನೆಯಲ್ಲಿ ಯಾರಾದರೂ ಹಾಗೆ ಕೂತು ಬರೆದುಕೊಂಡಿದ್ದಾರೆಯೇ?

ಲಿಂಗಕ್ಕ


ಹೈದರಾಬಾದ್
20 ನವೆಂಬರ್ 2023

ಲಿಂಗಕ್ಕ,

ಇಲ್ಲ. ಯಾರೂ ಬರೆದುಕೊಂಡಿಲ್ಲ. ನಾನೂ ಬರೆದುಕೊಂಡಿಲ್ಲ.

ನೀವು ಒಮ್ಮೆ ಆದೋನಿಯ ನಮ್ಮ ಮನೆಗೆ ಬಂದಿದ್ದಿರಿ, ನೆನಪಿದೆಯೇ? ನಮ್ಮಜ್ಜಿ ಗುರುಲಿಂಗಮ್ಮ ನಿಮಗೆ ಹೊರಗಿನ ಕಟ್ಟೆಯ ಮೇಲೆ ಚಹಾ ಕೊಟ್ಟರು. ಆ ಲೋಟ ಹಿತ್ತಲಿನ ಗೂಡಿನಲ್ಲಿರುತ್ತದೆ. ಮಾಂಸ ತಿನ್ನುವ ಜನಕ್ಕೆಂದೇ ಇಟ್ಟದ್ದು. ನೀವು ಕುಡಿದು, ನೀವೇ ತೊಳೆದು ಬೋರಲು ಹಾಕಿದಿರಿ. ನಾನು ನಿಮ್ಮ ಪಕ್ಕದಲ್ಲೇ ಒಳಗಿನ ಲೋಟ ಹಿಡಿದು ನಿಂತಿದ್ದೆ. ಅವತ್ತು ಸಂಜೆ ನನ್ನ ನೋಟ್‌ಬುಕ್ಕಿನಲ್ಲಿ ನಿಮ್ಮ ಬಸ್ಸು ಎಷ್ಟು ಗಂಟೆಗೆ ಹೊರಟಿತು ಎಂಬುದನ್ನೂ ಬರೆದೆ, ಲೋಟದ ಬಗ್ಗೆ ಬರೆಯಲಿಲ್ಲ. ಅಪ್ಪನ ಮಿಲ್ಲಿನಲ್ಲಿ ಹತ್ತಿಯ ಧೂಳಿನಲ್ಲಿ ಕೆಮ್ಮುವ ಹೆಂಗಸರು ನಿಮ್ಮ ಕಡೆಯ ಹಳ್ಳಿಗಳವರೇ. ಪುಸ್ತಕದ ಇನ್ನೂರ ಹತ್ತು ಪುಟಗಳಲ್ಲಿ ಅವರೂ ಇಲ್ಲ.

ನನಗೆ ಆ ಹುದ್ದೆ ಸಿಕ್ಕಿತು. ಸಂದರ್ಶನದಲ್ಲಿ ನಾಲ್ಕನೇ ಅಧ್ಯಾಯದ ಬಗ್ಗೆಯೇ ಬಹಳ ಹೊತ್ತು ಕೇಳಿದರು. ಚೆನ್ನಾಗಿ ಉತ್ತರಿಸಿದೆ. ಆ ಹೊತ್ತಿಗೆ ನಿಮ್ಮ ಕೊನೆಯ ಕಾಗದ ಬಂದಿರಲಿಲ್ಲ ಎಂದು ನನಗೆ ನಾನೇ ಹೇಳಿಕೊಳ್ಳುತ್ತೇನೆ.

ಪುಸ್ತಕದ ಎರಡನೇ ಮುದ್ರಣ ಬರುತ್ತಿದೆ. ತಿದ್ದುವುದಿದ್ದರೆ ಜನವರಿಯ ಒಳಗೆ ಹೇಳಿ ಎಂದಿದ್ದಾರೆ. ಆ ಅಧ್ಯಾಯವನ್ನು ಪೂರ್ತಿ ತೆಗೆದುಬಿಡಲೇ? ನೀವು ಹೇಳಿದಂತೆ ಮಾಡುತ್ತೇನೆ. ಈ ಸಲ ಯಾರನ್ನೂ ಕೇಳುವುದಿಲ್ಲ.

ಸುಷ್ಮಾ


ಕರೇಹಾಳು
11 ಜನವರಿ 2024

ಸುಷ್ಮಾ,

ಭಾಗ್ಯಳ ಲಗ್ನ ಡಿಸೆಂಬರ್ ಹದಿನಾಲ್ಕಕ್ಕೆ ಆಯಿತು. ಅವ್ವ ಜನವರಿ ಎರಡಕ್ಕೆ ಹೋದಳು.

ಲಗ್ನದ ಹಿಂದಿನ ದಿನ ಭಾಗ್ಯ ನನ್ನನ್ನು ಹಿತ್ತಲಿಗೆ ಕರೆದುಕೊಂಡು ಹೋಗಿ ಕೇಳಿದಳು. "ಅವ್ವ, ನಿಜ ಚೆಪ್ಪು. ಅಜ್ಜಿ ನನ್ನ ಅಜ್ಜಿ ಹೌದೋ ಅಲ್ಲೋ?" ನಿಜ ಹೇಳಿದರೆ ಅವಳೂ ಅದನ್ನು ಜೀವಮಾನವೆಲ್ಲ ಹೊರಬೇಕು. ನನ್ನ ಹಾಗೆ ಒಂದು ದಿನ ಯಾರೋ ಪ್ರೀತಿಯಿಂದ ಕೇಳಿದಾಗ ಹೇಳಿಬಿಡಬಹುದು. "ಅಲ್ಲ. ಸಾಕಿದಾಕಿ" ಎಂದೆ. "ಆದ್ರೂ ಚೆನ್ನಾಗಿ ನೋಡಿಕೊಂಡಳು" ಎಂದಳು. ಅಡುಗೆಯವರ ಹತ್ತಿರ ಮೂಲೆಯಲ್ಲಿ ಕೂತಿದ್ದ ಅವ್ವನಿಗೆ ಕೇಳಿಸಿತೋ ಇಲ್ಲವೋ, ತಿಳಿಯಲಿಲ್ಲ.

ಲಗ್ನ ಮುಗಿದ ಮೇಲೆ ಅವ್ವ ಊಟ ಕಡಿಮೆ ಮಾಡಿದಳು. ಕೋಸಗಿಯ ಡಾಕ್ಟರ್ ಬಳಿಗೆ ಬಾ ಎಂದರೆ, "ಭಂಡಾರ ಮುಟ್ಟೀನಿ, ಡಾಕ್ಟ್ರು ಏನು ಮಾಡ್ತಾನ" ಎಂದಳು. ಅವಳಿಗೆ ಭಯವಿರಲಿಲ್ಲ. ಯಾವುದೋ ಬಸ್ಸಿಗೆ ಕಾದವಳ ಹಾಗೆ ಇದ್ದಳು. ಬೆಳಿಗ್ಗೆ ನಾನು ಅಂಬಲಿ ತೆಗೆದುಕೊಂಡು ಹೋದಾಗ ಜೀವ ಇರಲಿಲ್ಲ.

ನಮ್ಮಲ್ಲಿ ತಾಯಿ ಸತ್ತರೆ ಹೊಟ್ಟೆಯಲ್ಲಿ ಹುಟ್ಟಿದ ಮಗಳು ಮೈಗೆ ನೀರು ಹಾಕಿ ಸೀರೆ ಹೊದಿಸಬೇಕು. ನೀನು ಬರೆದಿದ್ದೀಯ. ಮಗಳಿಲ್ಲದಿದ್ದರೆ ತವರಿನ ಹೆಣ್ಣು ಮಾಡಬೇಕು. ಪತ್ತಿಕೊಂಡದಿಂದ ಅವಳ ಅಣ್ಣನ ಮೊಮ್ಮಗಳು ಮಹೇಶ್ವರಿಯನ್ನು ಕರೆಸಿದರು. ಆ ಹುಡುಗಿ ಅವ್ವನನ್ನು ಜೀವಮಾನದಲ್ಲಿ ಎರಡು ಸಲ ನೋಡಿದ್ದಳು ಅಷ್ಟೇ. ಹೆದರಿಕೊಂಡು ದೂರದಿಂದಲೇ ನೀರು ಹಾಕಿದಳು. ಬೆನ್ನಿಗೆ ಹಾಕಲಿಲ್ಲ. ಅವ್ವನಿಗೆ ಬೆನ್ನು ತಿಕ್ಕಿಸಿಕೊಳ್ಳುವುದೆಂದರೆ ಬಹಳ ಇಷ್ಟ. ನಾನು ಹತ್ತು ಅಡಿ ದೂರದಲ್ಲಿ, ಓಣಿಯ ಹೆಂಗಸರ ಜೊತೆ ನಿಂತಿದ್ದೆ.

ನಾನೂ ಅತ್ತೆ. ಸಾಕಿದವಳಿಗೆ ಎಷ್ಟು ಅಳಬೇಕೋ ಅಷ್ಟು. ಒಮ್ಮೆ ದನಿ ಏರಿತು. ನಮ್ಮ ಮನೆಯವರು ಹತ್ತಿರ ಬಂದು, "ಸಾಕು. ಮಂದಿ ನೋಡಾಕತ್ತಾರ" ಎಂದರು. ಗದರಿಸಲಿಲ್ಲ. ಅವರ ಕಣ್ಣಲ್ಲೂ ನೀರಿತ್ತು. ಅವರಿಗೆ ಎಲ್ಲ ಗೊತ್ತು ಎಂದು ನನಗೆ ಆಗ ಖಾತ್ರಿಯಾಯಿತು. ಆದರೆ ಇನ್ನು ನಾವಿಬ್ಬರೂ ಅದರ ಬಗ್ಗೆ ಮಾತಾಡುವುದಿಲ್ಲ.

ಮಣ್ಣು ಹಾಕುವಾಗ ನರಸಣ್ಣ ಮೊದಲ ಹಿಡಿ ಹಾಕಿದ. "ನಿಜ ಹೇಳಿದ ಜೀವ" ಎಂದ.

ನೀನು ಕೇಳಿದ್ದೆಯಲ್ಲ. ಅಧ್ಯಾಯ ತೆಗೆಯಬೇಡ. ತೆಗೆದರೆ ಯಾಕೆ ತೆಗೆದರು ಎಂದು ಕೇಳುತ್ತಾರೆ. ಗೆರೆ ಬದಲಿಸು. ಶಾಂತಮ್ಮನನ್ನು ಮೊದಲ ಹೆಂಡತಿಯ ಕೆಳಗೆ ಬರೆ. ಉಡಿಕೆಯಾದವಳ ಕೆಳಗೆ ಏನೂ ಬರೆಯಬೇಡ, ಖಾಲಿ ಬಿಡು. ಅವ್ವ ಹೇಳಿದ್ದು ಹಾಗೇ.

ಲಿಂಗಕ್ಕ


ಹೈದರಾಬಾದ್
22 ಜನವರಿ 2024

ಲಿಂಗಕ್ಕ,

ತಿದ್ದಿದ್ದೇನೆ. ಹುಸೇನಮ್ಮಜ್ಜಿಯ ಕೆಳಗೆ ಖಾಲಿ ಬಿಟ್ಟಿದ್ದೇನೆ. "ಹಿಂದಿನ ಮುದ್ರಣದಲ್ಲಿ ಲೇಖಕಿಯಿಂದ ತಪ್ಪಾಗಿತ್ತು" ಎಂದು ಕೆಳಗೆ ಸೇರಿಸಿ ಸಹಿ ಹಾಕಿದ್ದೇನೆ. ಗೈಡ್ ಫೋನ್ ಮಾಡಿ ಯಾವ ಆಧಾರದ ಮೇಲೆ ಎಂದು ಕೇಳಿದರು. ತಾಯಿಯೇ ಹೇಳಿದ್ದು ಎಂದೆ.

ಸೆಪ್ಟೆಂಬರಿನಲ್ಲಿ ಈ ಒಂದು ಸಾಲು ಬರೆದು ಕೊಟ್ಟಿದ್ದರೆ ಅಜ್ಜಿ ಕಟ್ಟೆಯ ತನಕ ನಡೆದು ಬರಬೇಕಾಗಿರಲಿಲ್ಲ. ಇದನ್ನು ನೀವು ಬರೆಯಲಿಲ್ಲ. ನಾನು ಬರೆಯುತ್ತಿದ್ದೇನೆ.

ಉತ್ತರ ಬೇಡ.

ಸುಷ್ಮಾ


ಗುಂಟೂರು ಕಡೆ, ಮೆಣಸಿನಕಾಯಿ ಹೊಲ
25 ಫೆಬ್ರವರಿ 2024

ಸುಷ್ಮಾ,

ಉತ್ತರ ಬೇಡ ಎಂದಿದ್ದೆ. ಬರೆಯಲು ನನಗೆ ಬೇರೆ ಯಾರಿದ್ದಾರೆ?

ಕಾಯಿ ಬಿಡಿಸಲು ಬಂದು ಹದಿನೈದು ದಿನವಾಯಿತು. ನಮ್ಮ ಮನೆಯಿಂದ ಹಿಂದೆ ಯಾರೂ ಹೀಗೆ ಬಂದವರಲ್ಲ. ಅವ್ವನ ಹಾಸಿಗೆಯ ಜಾಗ ನೋಡುತ್ತಾ ಕೂರಲು ಆಗಲಿಲ್ಲ. ನಮ್ಮ ಮನೆಯವರು, "ಹೋಗಿ ಬಾ" ಎಂದರು. ಕೋಸಗಿ ಸ್ಟೇಷನ್ನಿನಲ್ಲಿ ಗುರುತಿಲ್ಲದ ಒಂದು ಗುಂಪಿನ ಜೊತೆ ಸೇರಿಕೊಂಡೆ. ಇಲ್ಲಿ ಕರೇಹಾಳು ಎಂದರೆ ಯಾವ ದಿಕ್ಕಿಗಿದೆ ಎಂದೂ ಯಾರಿಗೂ ತಿಳಿಯದು. ಕೈಯೆಲ್ಲ ಉರಿ. ಕಣ್ಣು ಒರೆಸಿಕೊಳ್ಳುವ ಹಾಗಿಲ್ಲ.

ನಿನ್ನೆ ಮಧ್ಯಾಹ್ನ ಜಾಲಿಗಿಡದ ನೆರಳಿನಲ್ಲಿ ಎಲ್ಲರೂ ಊಟಕ್ಕೆ ಕೂತಿದ್ದೆವು. ನಾನು ದಿನಾ ಮೊದಲ ತುತ್ತು ತೆಗೆದು ಅವ್ವನ ಹೆಸರಿನಲ್ಲಿ ಪಕ್ಕಕ್ಕೆ ಇಡುತ್ತೇನೆ. ಊರಿನಲ್ಲಿ ಇಡಲು ಧೈರ್ಯವಾಗಿರಲಿಲ್ಲ. ಹಾರಿಕಾ ಎಂಬ ತೆಲುಗು ಹುಡುಗಿ, ಭಾಗ್ಯಳಿಗಿಂತ ನಾಲ್ಕೈದು ವರ್ಷ ದೊಡ್ಡವಳು, ದಿನಾ ನೋಡುತ್ತಿದ್ದಳು. ಯಾರಕ್ಕಾ ತೀರಿಕೊಂಡದ್ದು ಎಂದು ನಿನ್ನೆ ತನ್ನ ತೆಲುಗಿನಲ್ಲಿ ಕೇಳಿದಳು.

"ಎವರಕ್ಕಾ ಪೋಯಿಂದಿ?"

"ಮಾ ಅಮ್ಮ" ಎಂದೆ.

"ಕನ್ನತಲ್ಲೇನಾ?" ಎಂದಳು. ಹಡೆದ ತಾಯಿಯೇ ಎಂದು. ಅವಳು ಸುಮ್ಮನೆ ಕೇಳಿದ್ದು. ಹಾಗೆ ಕೇಳುವುದು ಅವರಲ್ಲಿ ವಾಡಿಕೆ ಇರಬೇಕು.

ನನಗೆ ತೆಲುಗು ಬಾಯಿಗೆ ಬರಲಿಲ್ಲ. "ಹೌದಬೇ. ನನ್ನ ಹಡದಾಕಿ. ಹುಸೇನಮ್ಮ ಅಂತ ಆಕಿ ಹೆಸರು. ನನ್ನ ಹಡದವ್ವ" ಎಂದೆ. ಎಷ್ಟು ಸಲ ಎಂದೆನೋ ಗೊತ್ತಿಲ್ಲ. ಅಲ್ಲಿಂದ ಮುಂದೆ ಅಳು ನನ್ನ ಕೈಯಲ್ಲಿ ಇರಲಿಲ್ಲ. ಅವ್ವನ ಹೆಸರು ಹಿಡಿದು, ಅವಳು ನಡೆದದ್ದು, ಕೂತದ್ದು, ಬೈದದ್ದು ಎಲ್ಲ ಹಾಡಿಕೊಂಡು ಅತ್ತೆ. ಆ ಹೆಂಗಸರಿಗೆ ನನ್ನ ಮಾತು ಅರ್ಧಕ್ಕರ್ಧ ತಿಳಿದಿರಲಿಕ್ಕಿಲ್ಲ. ಆದರೂ ಊಟದ ಡಬ್ಬಿ ಮುಚ್ಚಿ ಸುತ್ತ ಬಂದು ಕೂತರು. ಒಬ್ಬಳು ನನ್ನ ಬೆನ್ನ ಮೇಲೆ ಕೈ ಇಟ್ಟಿದ್ದಳು. ಹಾರಿಕಾ ತಾನೂ ಅತ್ತಳು, ಅವಳಿಗೆ ಯಾರ ನೆನಪಾಯಿತೋ.

ಮೇಸ್ತ್ರಿ ಎರಡು ಸಲ ಕೂಗಿದ. ಯಾರೂ ಏಳಲಿಲ್ಲ. ಮೂರನೇ ಸಲಕ್ಕೆ ಎದ್ದು, ಸೆರಗು ಕೊಡವಿ, ಎಲ್ಲರೂ ಸಾಲಿಗೆ ಹೋದೆವು. ಕತ್ತಲಾಗುವ ತನಕ ಬಿಡಿಸಿದೆವು.

ಏಪ್ರಿಲಿನಲ್ಲಿ ಊರಿಗೆ ಹೋಗುತ್ತೇನೆ. ಅಲ್ಲಿ ನಾನು ನಿಂಗಮ್ಮನ ಮಗಳು.

ಇಂತಿ,
ಹುಸೇನಮ್ಮನ ಮಗಳು
ಲಿಂಗಕ್ಕ